ಸಂಕಲನಕಾರ: ಹೈದರಾಬಾದಿನ ಚಿತ್ರೋದ್ಯಮದಲ್ಲಿ

ಚಿತ್ರೀಕರಣದಲ್ಲಿ ಸಿಕ್ಕ ದೃಶ್ಯ, ಧ್ವನಿಗಳ ರಾಶಿಯಿಂದ ಬೇಕಾದ್ದನ್ನು ಆಯ್ದು, ಬೇಡವಾದದ್ದನ್ನು ಬಿಟ್ಟು, ಉಳಿದದ್ದನ್ನು ಕಥೆ ನಡೆಯುವಂತೆ ಜೋಡಿಸುವವನು ಸಂಕಲನಕಾರ. ಸಿನಿಮಾದವರ ಬಾಯಲ್ಲಿ ಎಡಿಟರ್. ಶೂಟಿಂಗಿನ ನಂತರದ ಕೆಲಸಗಳಿಗೆಲ್ಲ ಸೇರಿ ಪೋಸ್ಟ್ ಪ್ರೊಡಕ್ಷನ್ ಎಂದು ಹೆಸರು. ಡಬ್ಬಿಂಗ್, ಹಿನ್ನೆಲೆ ಸಂಗೀತ, ಗ್ರಾಫಿಕ್ಸ್, ಬಣ್ಣದ ಹೊಂದಾಣಿಕೆ, ಧ್ವನಿ ಮಿಶ್ರಣ ಎಲ್ಲವೂ ಅದರೊಳಗೇ ಬರುತ್ತವೆ, ಎಲ್ಲವೂ ಎಡಿಟರ್ ಹಾಕಿಕೊಟ್ಟ ಅಳತೆಯ ಮೇಲೆಯೇ ನಡೆಯುತ್ತವೆ. ತೆಲುಗು ಚಿತ್ರೋದ್ಯಮದ ನೆಲೆಯಾದ ಹೈದರಾಬಾದಿನಲ್ಲಿ ಈ ಕಸುಬು ಗಟ್ಟಿಯಾಗಿ ಬೇರೂರಿದ್ದು ಕಳೆದ ನಾಲ್ಕೈದು ದಶಕಗಳಲ್ಲಿ. ಅದಕ್ಕೂ ಮುಂಚೆ ತೆಲುಗು ಎಡಿಟರ್ ಎಂದರೆ ಮದರಾಸಿನ ಮನುಷ್ಯ.

ಈ ನಗರದಲ್ಲಿ ಎಡಿಟರ್ ಆಗಬೇಕಾದರೆ ಬಹುಕಾಲ ಇದ್ದದ್ದು ಒಂದೇ ದಾರಿ: ಹಿರಿಯನೊಬ್ಬನ ಪಕ್ಕದಲ್ಲಿ ವರ್ಷಗಟ್ಟಲೆ ಕೂರುವುದು. ಕಂಪ್ಯೂಟರ್ ಬಂದ ಮೇಲೆ ಆ ಕುರ್ಚಿಯ ಹಂಗಿಲ್ಲದೆಯೂ ಕೆಲವರು ಒಳಗೆ ಬಂದಿದ್ದಾರೆ. ಅವರಲ್ಲಿ ಹೆಸರಾದ ಒಬ್ಬ ಕಲಬುರಗಿಯ ಹುಡುಗ.

ಮದರಾಸಿನಿಂದ ಬಂದ ಕಸುಬು

1956ರ ನವೆಂಬರ್ 1ರಂದು ಆಂಧ್ರಪ್ರದೇಶ ರಚನೆಯಾಗಿ ಹೈದರಾಬಾದ್ ರಾಜಧಾನಿಯಾಯಿತು. ರಾಜಧಾನಿ ಬಂದರೂ ಸಿನಿಮಾ ಬರಲಿಲ್ಲ. ತೆಲುಗು ಚಿತ್ರಗಳು ಮದರಾಸಿನ ವಾಹಿನಿ, ಎವಿಎಂ ಮುಂತಾದ ಸ್ಟುಡಿಯೊಗಳಲ್ಲೇ ತಯಾರಾಗುತ್ತಿದ್ದವು. ಅಮೀರ್‌ಪೇಟೆಯ ಸಾರಥಿ ಸ್ಟುಡಿಯೊ 1950ರ ದಶಕದ ಕೊನೆಗೇ ಕಣ್ಣುಬಿಟ್ಟಿತು. ನಟ ಅಕ್ಕಿನೇನಿ ನಾಗೇಶ್ವರರಾವ್ ಮದರಾಸು ಬಿಟ್ಟು ಬಂದು ಬಂಜಾರಾ ಹಿಲ್ಸ್‌ನ ಬಂಡೆಗಳ ನಡುವೆ 22 ಎಕರೆಯಲ್ಲಿ ಅನ್ನಪೂರ್ಣ ಸ್ಟುಡಿಯೊ ಕಟ್ಟಿ 1976ರಲ್ಲಿ ತೆರೆದರು. ಜ್ಯೂಬಿಲಿ ಹಿಲ್ಸ್ ಸುತ್ತ ಸರ್ಕಾರ ಉದ್ಯಮಕ್ಕೆ ಜಾಗ ಕೊಟ್ಟಿತು, ಫಿಲ್ಮ್‌ನಗರ ಎದ್ದಿತು. ನಿರ್ಮಾಪಕ ಡಿ. ರಾಮಾನಾಯ್ಡು ಅವರ ಸ್ಟುಡಿಯೊ, ನಟ ಕೃಷ್ಣ ಅವರ ಪದ್ಮಾಲಯ ಬಂದವು. 1996ರಲ್ಲಿ ನಗರದ ಹೊರಗೆ ರಾಮೋಜಿ ಫಿಲ್ಮ್ ಸಿಟಿ ತಲೆಯೆತ್ತಿತು. ಅದರ 1,666 ಎಕರೆ ಹರವು ಗಿನ್ನೆಸ್ ದಾಖಲೆ ಸೇರಿದೆ.

ಇಷ್ಟಾದರೂ ಎಡಿಟರುಗಳು ಮಾತ್ರ ಎಲ್ಲರಿಗಿಂತ ತಡವಾಗಿ ಬಂದರು. ಕಾರಣ ಲ್ಯಾಬ್. ನಟರು ರೈಲು ಹತ್ತಿ ಬರಬಹುದು, ಸೆಟ್ ಎಲ್ಲಿ ಬೇಕಾದರೂ ಹಾಕಬಹುದು. ಆದರೆ ತೆಗೆದ ನೆಗೆಟಿವ್ ಸಂಸ್ಕರಣೆಯಾಗಿ, ಅದರಿಂದ ರಷ್ ಪ್ರಿಂಟ್ ಬಂದ ಮೇಲೆಯೇ ಎಡಿಟರನ ಕೈಗೆ ಕೆಲಸ. ಹಾಗಾಗಿ ಲ್ಯಾಬ್ ಇರುವ ಊರಿನಲ್ಲೇ ಎಡಿಟಿಂಗ್ ರೂಮು. ಹೈದರಾಬಾದಿನಲ್ಲಿ ತೆಗೆದ ಚಿತ್ರದ ಡಬ್ಬಗಳು ಮದರಾಸಿಗೆ ಹೋಗುತ್ತಿದ್ದವು, ಹಿಂದೆಯೇ ನಿರ್ದೇಶಕರೂ ಹೋಗುತ್ತಿದ್ದರು. ಪ್ರಸಾದ್ ಲ್ಯಾಬ್ ಬಂಜಾರಾ ಹಿಲ್ಸ್‌ಗೆ ಬಂದ ನಂತರ ಈ ಓಡಾಟ ಕಡಿಮೆಯಾಯಿತು. 1990ರ ದಶಕದ ಹೊತ್ತಿಗೆ ಕೃಷ್ಣಾನಗರ, ಯೂಸುಫ್‌ಗುಡ, ಫಿಲ್ಮ್‌ನಗರದ ಓಣಿಗಳಲ್ಲಿ ಎಡಿಟಿಂಗ್ ರೂಮುಗಳು ತುಂಬಿಕೊಂಡವು. ಕೃಷ್ಣಾನಗರವಂತೂ ಇಂದಿಗೂ ಸಹನಟರು, ಸಹಾಯಕ ನಿರ್ದೇಶಕರು, ಅಸಿಸ್ಟೆಂಟ್ ಎಡಿಟರುಗಳು ಬಾಡಿಗೆ ಕೋಣೆ ಹಂಚಿಕೊಂಡು ಬದುಕುವ ಜಾಗ.

ರೀಲಿನ ಲೆಕ್ಕ

35 ಎಂಎಂ ಫಿಲ್ಮಿನ ಒಂದು ಅಡಿಯಲ್ಲಿ 16 ಫ್ರೇಮು. ಸೆಕೆಂಡಿಗೆ 24 ಫ್ರೇಮು ಓಡಿದರೆ ನಿಮಿಷಕ್ಕೆ 90 ಅಡಿ. ಸಾವಿರ ಅಡಿಯ ಒಂದು ರೀಲು ಸುಮಾರು ಹನ್ನೊಂದು ನಿಮಿಷ. ಹದಿನಾಲ್ಕು ರೀಲು ಎಂದರೆ ಎರಡೂವರೆ ಗಂಟೆ ದಾಟುವ ಪೂರ್ತಿ ಸಿನಿಮಾ. ‘ದೂಕುಡು’ ತೆಗೆದ ಹೈದರಾಬಾದಿನ ನಿರ್ಮಾಣ ಸಂಸ್ಥೆ ‘14 ರೀಲ್ಸ್’ ಎಂದು ಹೆಸರಿಟ್ಟುಕೊಂಡದ್ದು ಈ ಲೆಕ್ಕದ ನೆನಪಿರುವವರಿಗೆ ಕೂಡಲೇ ಅರ್ಥವಾಗುತ್ತದೆ.

ಆ ಕಾಲದ ಎಡಿಟರ್ ಮೂವಿಯೋಲಾ ಯಂತ್ರದ ಮುಂದೆ ನಿಂತೋ, ಸ್ಟೀನ್‌ಬೆಕ್ ಮೇಜಿನ ಮುಂದೆ ಕೂತೋ ಕೆಲಸ ಮಾಡುತ್ತಿದ್ದ. ಕಟ್ ಎಲ್ಲಿ ಎಂದು ಫಿಲ್ಮಿನ ಮೇಲೆ ಮೇಣದ ಪೆನ್ಸಿಲಿನಲ್ಲಿ ಗೀಟು ಹಾಕುವುದು, ಸ್ಪ್ಲೈಸರಿನಲ್ಲಿ ಕತ್ತರಿಸುವುದು, ಟೇಪು ಅಂಟಿಸಿ ಕೂಡಿಸುವುದು. ಉಳಿದ ಚೂರುಗಳನ್ನು ಅಸಿಸ್ಟೆಂಟ್ ಶಾಟ್ ನಂಬರಿನ ಪ್ರಕಾರ ಬಟ್ಟೆ ಹಾಸಿದ ತೊಟ್ಟಿಯ ಮೇಲಿನ ಮೊಳೆಗಳಿಗೆ ನೇತುಹಾಕುತ್ತಿದ್ದ. ಮೂರು ದಿನ ಬಿಟ್ಟು ನಿರ್ದೇಶಕರು ಬಂದು “ಆ ನೋಟ ಇನ್ನೊಂದು ಚೂರು ಇರಲಿ” ಎಂದರೆ, ಅರ್ಧ ಅಡಿಯ ಎಂಟು ಫ್ರೇಮಿನ ತುಂಡನ್ನು ಆ ರಾಶಿಯಲ್ಲಿ ಹುಡುಕಿ ತೆಗೆಯಬೇಕಿತ್ತು. ಯಾವ ಮೊಳೆಯಲ್ಲಿ ಯಾವ ಚೂರಿದೆ ಎಂದು ಬಾಯಿಪಾಠ ಇದ್ದವನೇ ಒಳ್ಳೆಯ ಅಸಿಸ್ಟೆಂಟ್. ಎಡಿಟರ್ ಎರಡು ಶಾಟ್‌ಗಳ ನಡುವೆ ಯಾಕೆ ತಡೆದು ಯೋಚಿಸಿದ, ಯಾಕೆ ಮನಸ್ಸು ಬದಲಿಸಿದ ಎಂಬುದು ಈ ಹುಡುಕಾಟದಲ್ಲೇ ತಲೆಗೆ ಹತ್ತುತ್ತಿತ್ತು. ಶಾಲೆ ಎಂದರೆ ಅದೇ.

ಪಾಸಿಟಿವ್, ಅಂದರೆ ರಷ್ ಪ್ರಿಂಟಿನ ಮೇಲೆ ಕೆಲಸ ಮುಗಿದ ನಂತರ ಅದೇ ಅಳತೆಗೆ ಮೂಲ ನೆಗೆಟಿವ್ ಕತ್ತರಿಸುತ್ತಿದ್ದರು. ಅಲ್ಲಿ ತಪ್ಪಿದರೆ ತಿದ್ದಲು ಎರಡನೆಯ ನೆಗೆಟಿವ್ ಇರುತ್ತಿರಲಿಲ್ಲ. ಹಳಬರು ಕತ್ತರಿ ಹಾಕುವ ಮೊದಲು ಮನಸ್ಸಿನಲ್ಲೇ ಪೂರ್ತಿ ದೃಶ್ಯ ಓಡಿಸಿ ನೋಡುತ್ತಿದ್ದದ್ದು ಈ ಭಯದಿಂದ. 1990ರ ದಶಕದಲ್ಲಿ ಕಂಪ್ಯೂಟರಿನಲ್ಲಿ ಎಡಿಟ್ ಮಾಡುವ ಅವಿಡ್ ಯಂತ್ರಗಳು ಬಂದವು, ಮುಂದೆ ಫೈನಲ್ ಕಟ್, ಪ್ರೀಮಿಯರ್, ಡಾವಿಂಚಿ ರಿಸಾಲ್ವ್ ಬಂದವು. ಕತ್ತರಿಸಿದ್ದನ್ನು ಮತ್ತೆ ಕೂಡಿಸುವುದು ಒಂದು ಗುಂಡಿಯ ಕೆಲಸವಾಯಿತು. ಇದರಿಂದ ಕೆಲಸ ಬೇಗ ಮುಗಿಯುತ್ತದೆ ಎಂದು ಎಲ್ಲರೂ ಎಣಿಸಿದ್ದರು. ನಡೆದದ್ದು ಬೇರೆ: ಫಿಲ್ಮಿನ ಖರ್ಚಿಲ್ಲದ್ದರಿಂದ ಕ್ಯಾಮೆರಾ ನಿಲ್ಲದೆ ಓಡತೊಡಗಿತು, ನೋಡಬೇಕಾದ ದೃಶ್ಯಗಳು ಹಲವು ಪಟ್ಟು ಹೆಚ್ಚಾದವು, ಬಿಡುಗಡೆಯ ದಿನದವರೆಗೂ ಕಟ್ ಬದಲಾಗುವುದು ರೂಢಿಯಾಯಿತು.

ಇಂದಿನ ಎಡಿಟ್ ರೂಮು

ಕ್ಯಾಮೆರಾದ ಕಾರ್ಡಿನಿಂದ ಬಂದ ಡೇಟಾವನ್ನು ಬೇರೆ ಬೇರೆ ಹಾರ್ಡ್ ಡಿಸ್ಕುಗಳಿಗೆ ಇಳಿಸಿ ತಾಳೆ ನೋಡುವುದು, ಎಡಿಟಿಂಗಿಗೆಂದು ಹಗುರವಾದ ಪ್ರಾಕ್ಸಿ ಫೈಲ್ ಮಾಡುವುದು, ಧ್ವನಿಯನ್ನು ಕ್ಲ್ಯಾಪಿಗೋ ಟೈಮ್‌ಕೋಡಿಗೋ ಸಿಂಕ್ ಮಾಡುವುದು, ಸೀನುವಾರು ಬಿನ್‌ಗಳಲ್ಲಿ ಜೋಡಿಸಿಡುವುದು ಅಸಿಸ್ಟೆಂಟಿನ ಪಾಲು. ಸೆಟ್‌ನಲ್ಲೇ ಲ್ಯಾಪ್‌ಟಾಪ್ ಇಟ್ಟುಕೊಂಡು ಆಗಿಂದಾಗ ಜೋಡಿಸಿ ತೋರಿಸುವವನು ಸ್ಪಾಟ್ ಎಡಿಟರ್. ಅಸೋಸಿಯೇಟ್ ಮೊದಲ ಸುತ್ತಿನ ಜೋಡಣೆ ಮಾಡುತ್ತಾನೆ. ಆಮೇಲೆ ಎಡಿಟರ್ ಮತ್ತು ನಿರ್ದೇಶಕರು ಕೂರುತ್ತಾರೆ.

ತಂದೆ ಮಗನ ಜಗಳದ ಒಂದು ದೃಶ್ಯ ಎಂದಿಟ್ಟುಕೊಳ್ಳಿ. ತಂದೆಯ ಕ್ಲೋಸಪ್ ಇದೆ, ಮಗನದಿದೆ, ಇಬ್ಬರೂ ಇರುವ ಶಾಟ್ ಇದೆ, ಬಾಗಿಲಲ್ಲಿ ನಿಂತ ತಾಯಿಯದೊಂದು ಶಾಟ್ ಇದೆ. ಮಾತಾಡುವವನನ್ನೇ ತೋರಿಸುತ್ತ ಹೋದರೆ ಅದು ಬರೀ ವರದಿ. ತಂದೆಯ ಮಾತಿನ ಕೊನೆಯ ಅರ್ಧವನ್ನು ಮಗನ ಮುಖದ ಮೇಲೆ ಕೇಳಿಸಿದರೆ ಜಗಳ ಮಗನದಾಗುತ್ತದೆ. ಅದೇ ಮಾತನ್ನು ತಾಯಿಯ ಮುಖದ ಮೇಲೆ ಹರಿಸಿದರೆ ಇಡೀ ದೃಶ್ಯ ಅವಳದು. ಬರೆದ ಸಾಲು ಒಂದೇ, ನಟನೆಯೂ ಒಂದೇ. ಯಾರ ಕಥೆ ಎಂದು ತೀರ್ಮಾನವಾದದ್ದು ಎಡಿಟಿಂಗ್ ಮೇಜಿನ ಮೇಲೆ.

ಸ್ಟಾರ್ ಚಿತ್ರಗಳಲ್ಲಿ ಇದಕ್ಕೆ ಇನ್ನೊಂದು ಲೆಕ್ಕ ಸೇರುತ್ತದೆ. ನಾಯಕನ ಎಂಟ್ರಿಗೆ, ಪಂಚ್ ಡೈಲಾಗಿಗೆ ಥಿಯೇಟರಿನಲ್ಲಿ ಶಿಳ್ಳೆ ಎದ್ದೇ ಏಳುತ್ತದೆ. ಮುಂದಿನ ಮಾತು ಅದರಲ್ಲಿ ಮುಳುಗಿಹೋಗದಂತೆ ನಡುವೆ ಜಾಗ ಬಿಡಬೇಕು. ಬಿಟ್ಟ ಜಾಗ ಸರಿಯಾಯಿತೇ ಎಂಬುದು ಗೊತ್ತಾಗುವುದು ಆರ್‌ಟಿಸಿ ಕ್ರಾಸ್ ರೋಡ್ಸ್‌ನ ಸಂಧ್ಯಾ, ಸುದರ್ಶನ್ ಥಿಯೇಟರುಗಳಂಥ ಕಡೆ, ಮೊದಲ ಆಟದಲ್ಲಿ. ಅದೇ ಸಿನಿಮಾ ಕೆಲವು ವಾರಗಳ ನಂತರ ಒಟಿಟಿಗೆ ಬಂದಾಗ, ಮನೆಯಲ್ಲಿ ಒಬ್ಬನೇ ಕೂತು ನೋಡುವವನಿಗೆ ಆ ಜಾಗವೇ ಲ್ಯಾಗ್ ಎನಿಸುತ್ತದೆ. ಇಬ್ಬರನ್ನೂ ಮೆಚ್ಚಿಸುವ ಕಟ್ ಸಿಕ್ಕಿದ್ದು ನನಗೆ ತಿಳಿದಂತೆ ತೀರಾ ಅಪರೂಪ.

ಕಟ್ ಲಾಕ್ ಆದ ಮೇಲೆ ಚಿತ್ರವನ್ನು ಭಾಗಗಳಾಗಿ ಒಡೆದು ಸಂಗೀತ ನಿರ್ದೇಶಕರಿಗೆ ಆರ್‌ಆರ್ (ಹಿನ್ನೆಲೆ ಸಂಗೀತದ) ಕೆಲಸಕ್ಕೆ, ಗ್ರಾಫಿಕ್ಸ್ ಕಂಪನಿಗೆ, ಡಬ್ಬಿಂಗಿಗೆ, ಬಣ್ಣ ಹೊಂದಿಸುವ ಡಿಐಗೆ ಕಳಿಸುತ್ತಾರೆ. ಗ್ರಾಫಿಕ್ಸ್‌ಗೆ ಕಳಿಸುವ ಶಾಟ್‌ಗಳ ಎರಡೂ ತುದಿಗೆ ಕೆಲವು ಫ್ರೇಮು ಹೆಚ್ಚಿಗೆ ಇಟ್ಟಿರುತ್ತಾರೆ. ಅದನ್ನೂ ಮೀರಿ ಕಟ್ ಬದಲಾದರೆ ಒಂದು ಶಾಟಿಗೆ ವಾರಗಟ್ಟಲೆ ಮಾಡಿದ ಕೆಲಸ ಮತ್ತೆ ಮೊದಲಿಂದ. ಹೈದರಾಬಾದ್ ಗ್ರಾಫಿಕ್ಸ್ ಕೆಲಸಕ್ಕೂ ಹೆಸರಾದ ಊರು. ‘ಈಗ’ ಚಿತ್ರದ ನೊಣವನ್ನು ಓಡಾಡಿಸಿದ ಮಕುಟ ಇಲ್ಲಿಯದು. ‘ಲೈಫ್ ಆಫ್ ಪೈ’ ಚಿತ್ರಕ್ಕೆ ಆಸ್ಕರ್ ಪಡೆದ ಅಮೆರಿಕದ ರಿದಮ್ ಅಂಡ್ ಹ್ಯೂಸ್ ಸಂಸ್ಥೆಗೆ ಇಲ್ಲಿ ಶಾಖೆಯಿತ್ತು. ಪ್ರಶಸ್ತಿ ಬಂದ 2013ರ ಫೆಬ್ರುವರಿಯಲ್ಲೇ ಆ ಸಂಸ್ಥೆ ದಿವಾಳಿ ಅರ್ಜಿ ಹಾಕಿತು.

ಉದ್ದದ ಜಗಳ

ತೆಲುಗು ಸಿನಿಮಾದಲ್ಲಿ ಎಡಿಟರನ ಹೆಸರು ಪ್ರೇಕ್ಷಕರ ಬಾಯಿಗೆ ಬರುವುದು ಹೆಚ್ಚಾಗಿ ಬೈಗುಳದಲ್ಲಿ: ಉದ್ದ ಆಯಿತು ಎಂದು. ಸಂಕ್ರಾಂತಿಗೋ ದಸರೆಗೋ ತೆರೆಕಂಡ ಚಿತ್ರದ ಮೊದಲ ದಿನದ ವರದಿ ಕೈಗೆ ಬಂದ ಕೂಡಲೇ ಹತ್ತು ಹದಿನೈದು ನಿಮಿಷ ಟ್ರಿಮ್ ಮಾಡುವುದು ಇಲ್ಲಿ ಹಳೆಯ ಪದ್ಧತಿ. 2014ರ ‘1: ನೇನೊಕ್ಕಡಿನೇ’ ಬಿಡುಗಡೆಯ ನಂತರ ಹೀಗೆ ಸುಮಾರು 20 ನಿಮಿಷ ಕಳೆದುಕೊಂಡಿತು. ಮೂರು ಗಂಟೆ ದಾಟಿದ ‘ಅರ್ಜುನ್ ರೆಡ್ಡಿ’ (2017) ಅದೇ ಉದ್ದದಲ್ಲಿ ಗೆದ್ದ ಮೇಲೆ ಗಾಳಿ ಬೇರೆ ಕಡೆ ಬೀಸಿತು. ಅದರ ನಿರ್ದೇಶಕ ಸಂದೀಪ್ ರೆಡ್ಡಿ ವಂಗಾ ಮುಂದೆ ತಮ್ಮ ಹಿಂದಿ ಚಿತ್ರ ‘ಅನಿಮಲ್’ಗೆ (2023) ತಾವೇ ಎಡಿಟರ್ ಆದರು. 2024ರ ಡಿಸೆಂಬರಿನಲ್ಲಿ ಬಂದ ‘ಪುಷ್ಪ 2’ರ ಅವಧಿ 200 ನಿಮಿಷ. ಆರು ವಾರಗಳ ನಂತರ ಇನ್ನೂ 20 ನಿಮಿಷ ಸೇರಿಸಿ ಅದನ್ನು ಮತ್ತೆ ಥಿಯೇಟರಿಗೆ ಬಿಟ್ಟರು.

ಇದಕ್ಕೆ ಎದುರಾದ ಪಾಠ 2025ರ ಅಕ್ಟೋಬರ್ 31ರಂದು ಬಂದ ‘ಬಾಹುಬಲಿ: ದಿ ಎಪಿಕ್’. 2015 ಮತ್ತು 2017ರ ಎರಡು ಭಾಗಗಳು ಸೇರಿ ಐದು ಗಂಟೆ ಮೀರುತ್ತಿದ್ದವು. ಅವನ್ನು ಮರುಸಂಕಲನ ಮಾಡಿ ಮೂರು ಮುಕ್ಕಾಲು ಗಂಟೆಯ ಆಸುಪಾಸಿಗೆ ತಂದರು. ನಾಯಕ ಶಿವುಡು ಮತ್ತು ಅವಂತಿಕಾರ ಪ್ರೇಮದ ಭಾಗ ಬಹುಮಟ್ಟಿಗೆ ಹೋಯಿತು, ಜನಪ್ರಿಯವಾಗಿದ್ದ ಹಾಡುಗಳೂ ಹೋದವು. ಜನ ಮೆಚ್ಚಿದ್ದನ್ನೇ ಹತ್ತು ವರ್ಷಗಳ ನಂತರ ತೆಗೆದುಹಾಕಿ, ಕಥೆ ನಿಲ್ಲುತ್ತದೆಯೇ ಎಂದು ನೋಡುವ ಅವಕಾಶ ಭಾರತದ ಎಷ್ಟು ಎಡಿಟರುಗಳಿಗೆ ಸಿಕ್ಕೀತು?

ಸೆನ್ಸಾರಿಗೂ ಎಡಿಟರೇ ಓಡಬೇಕು. ಮಂಡಳಿಯ ಪ್ರಾದೇಶಿಕ ಕಚೇರಿ ಹೈದರಾಬಾದಿನಲ್ಲೂ ಇದೆ. ಮ್ಯೂಟ್ ಮಾಡಬೇಕಾದ ಮಾತು, ತೆಗೆಯಬೇಕಾದ ದೃಶ್ಯದ ಪಟ್ಟಿ ಅಲ್ಲಿಂದ ಬರುತ್ತದೆ. ಪ್ರಮಾಣಪತ್ರ ಸಿಕ್ಕ ಮೇಲೆ ಏನನ್ನು ಕತ್ತರಿಸಿದರೂ ಸೇರಿಸಿದರೂ ಮಂಡಳಿಗೆ ತಿಳಿಸಬೇಕು. ಒಂದೊಂದು ಭಾಷೆಯ ಆವೃತ್ತಿಗೂ ಬೇರೆ ಪ್ರಮಾಣಪತ್ರ.

ಹಿರಿಯರು, ಮನೆತನಗಳು

ತೆಲುಗಿನ ದೊಡ್ಡ ನಿರ್ದೇಶಕ ಆದುರ್ತಿ ಸುಬ್ಬರಾವ್ ಎಡಿಟಿಂಗ್ ಮೇಜಿನಿಂದ ಎದ್ದು ಬಂದವರು. ಕೆ. ವಿಶ್ವನಾಥ್ ಅವರ ‘ಶಂಕರಾಭರಣಂ’ (1980), ‘ಸಾಗರ ಸಂಗಮಂ’ (1983) ಚಿತ್ರಗಳ ಎಡಿಟರ್ ಜಿ. ಜಿ. ಕೃಷ್ಣರಾವ್. ಹಾಡು ಮತ್ತು ನಾಟ್ಯವನ್ನು ತಾಳಕ್ಕೆ ತಕ್ಕಂತೆ ಕತ್ತರಿಸುವುದು ಸುಲಭ; ಕಲಾವಿದನ ಆಂಗಿಕ ಅಭಿನಯ ಕಾಣುವಷ್ಟು ಹೊತ್ತು ಕತ್ತರಿಸದೆ ಬಿಡುವುದು ಕಷ್ಟ. ಆ ಚಿತ್ರಗಳು ಇಂದಿಗೂ ನಿಂತಿರುವುದರಲ್ಲಿ ಈ ಬಿಡುವಿಕೆಯ ಪಾಲಿದೆ. ವಿಶ್ವನಾಥ್ ತೀರಿಕೊಂಡ 2023ರ ಫೆಬ್ರುವರಿಯಲ್ಲೇ ಕೃಷ್ಣರಾವ್ ಕೂಡ ಬೆಂಗಳೂರಿನಲ್ಲಿ ನಿಧನರಾದರು. 2022ರ ಜುಲೈನಲ್ಲಿ ತೀರಿಕೊಂಡ ಗೌತಂ ರಾಜು 800ಕ್ಕೂ ಹೆಚ್ಚು ಚಿತ್ರಗಳ ಎಡಿಟರ್. ಒಂದು ಚಿತ್ರಕ್ಕೆ ಒಂದು ವರ್ಷ ಕೂರುವ ಇಂದಿನವರಿಗೆ ಈ ಸಂಖ್ಯೆ ನಂಬಲಾಗದ್ದು.

ಕಸುಬು ಮನೆಗಳಲ್ಲಿ ಇಳಿದು ಬಂದದ್ದೂ ಉಂಟು. ಎಡಿಟರ್ ಕೋಟಗಿರಿ ವೆಂಕಟೇಶ್ವರರಾವ್ ಅವರ ಅಣ್ಣ ಗೋಪಾಲರಾವ್ ಕೂಡ ಎಡಿಟರ್. ಎಡಿಟರ್ ಮಾರ್ತಾಂಡ್ ಕೆ. ವೆಂಕಟೇಶ್ ಅವರ ತಂದೆ ಕೆ. ಎ. ಮಾರ್ತಾಂಡ್ ಅವರೂ ಎಡಿಟರ್. ನಿರ್ದೇಶಕ, ನಿರ್ಮಾಪಕ ಎಲ್. ವಿ. ಪ್ರಸಾದ್ ಅವರ ತಮ್ಮ ಅಕ್ಕಿನೇನಿ ಸಂಜೀವಿ ಎಡಿಟರ್. ಸಂಜೀವಿಯವರ ಮಗ ಎ. ಶ್ರೀಕರ್ ಪ್ರಸಾದ್ ಸಾಹಿತ್ಯ ಓದಿ, ತಂದೆಯ ಬಳಿ ಕೆಲಸ ಕಲಿತು, ‘ರಾಖ್’ ಚಿತ್ರಕ್ಕೆ ಮೊದಲ ರಾಷ್ಟ್ರಪ್ರಶಸ್ತಿ ಪಡೆದರು. ಆಮೇಲೆ ‘ವಾನಪ್ರಸ್ಥಂ’, ‘ಕನ್ನತ್ತಿಲ್ ಮುತ್ತಮಿಟ್ಟಾಲ್’ ಮುಂತಾದವಕ್ಕೂ ಪಡೆದರು. ಚೆನ್ನೈನಲ್ಲಿ ನೆಲೆಸಿರುವ ಅವರೇ 2022ರ ‘ಆರ್‌ಆರ್‌ಆರ್’ ಚಿತ್ರದ ಎಡಿಟರ್.

ಕೋಟಗಿರಿ ವೆಂಕಟೇಶ್ವರರಾವ್ ಅವರ ಪಟ್ಟಿಯಲ್ಲಿ ‘ಮಗಧೀರ’ (2009), ‘ಈಗ’ (2012), ‘ಬಾಹುಬಲಿ’, ‘ಮಹಾನಟಿ’ (2018), ‘ಕಲ್ಕಿ 2898 ಎಡಿ’ (2024) ಇವೆ. ‘ಬಾಹುಬಲಿ’ ತೆಲುಗು ತಮಿಳು ಎರಡರಲ್ಲೂ ಒಟ್ಟಿಗೆ ಚಿತ್ರೀಕರಣವಾದದ್ದು. ಮಾತಿನ ದೃಶ್ಯಗಳನ್ನು ಎರಡು ಸಲ ತೆಗೆದದ್ದರಿಂದ ಎಡಿಟಿಂಗ್ ಕೂಡ ಎರಡು ಸಲ. ಅದರ ನಿರ್ದೇಶಕ ಎಸ್. ಎಸ್. ರಾಜಮೌಳಿ ನಿರ್ದೇಶನಕ್ಕೆ ಇಳಿಯುವ ಮೊದಲು ಶಿಷ್ಯನಾಗಿ ಕೂತದ್ದು ಇದೇ ಕೋಟಗಿರಿಯವರ ಬಳಿ. ರಾಜಮೌಳಿ ಹುಟ್ಟಿದ್ದು ರಾಯಚೂರು ಜಿಲ್ಲೆಯ ಮಾನ್ವಿ ಕಡೆಯ ಅಮರೇಶ್ವರ ಕ್ಯಾಂಪಿನಲ್ಲಿ, 1973ರಲ್ಲಿ. ತುಂಗಭದ್ರಾ ನೀರಾವರಿಯ ಬೆನ್ನು ಹಿಡಿದು ಬಂದ ತೆಲುಗು ರೈತರ ಕ್ಯಾಂಪುಗಳನ್ನು ಕಂಡವರಿಗೆ ಆ ಊರು ಹೊಸದಲ್ಲ.

ನಂತರದ ತಲೆಮಾರಿನಲ್ಲಿ ‘ಜೆರ್ಸಿ’ಗೆ ರಾಷ್ಟ್ರಪ್ರಶಸ್ತಿ ಪಡೆದ ನವೀನ್ ನೂಲಿ ಮುಖ್ಯರು. ‘ರಂಗಸ್ಥಲಂ’, ‘ಪುಷ್ಪ 2’ ಅವರ ಕೆಲಸ. ಮಹಿಳೆಯರು ಮಾತ್ರ ಈ ರೂಮುಗಳಲ್ಲಿ ಇಂದಿಗೂ ವಿರಳ. ರೇಣು ಸಲೂಜಾ, ಬೀನಾ ಪಾಲ್ ಅವರಂಥ ಹೆಸರು ಹಿಂದಿ, ಮಲಯಾಳಂನಲ್ಲಿ ಬೆಳೆದಂತೆ ತೆಲುಗಿನ ಮುಖ್ಯಧಾರೆಯಲ್ಲಿ ಬೆಳೆಯಲಿಲ್ಲ. ರಾತ್ರಿಯಿಡೀ ನಡೆಯುವ ಕೆಲಸ, ಗಂಡಸರೇ ತುಂಬಿದ ಬಾಡಿಗೆ ಕೋಣೆ, ಗುರುವಿನ ಕೃಪೆಯ ಮೇಲೆ ನಿಂತ ನೇಮಕ, ಇವು ಕಾರಣವಲ್ಲ ಎನ್ನುವಂತಿಲ್ಲ.

ಕನ್ನಡದ ನಂಟು

ಕಲಬುರಗಿಯಿಂದ ಹೈದರಾಬಾದಿಗೆ ಸುಮಾರು 220 ಕಿ.ಮೀ.; ಬೆಂಗಳೂರಿಗೆ ಅದರ ಎರಡೂವರೆ ಪಟ್ಟು. 1956ರವರೆಗೆ ಕಲಬುರಗಿ, ರಾಯಚೂರು, ಬೀದರ ಹೈದರಾಬಾದ್ ರಾಜ್ಯದ ಜಿಲ್ಲೆಗಳೇ ಆಗಿದ್ದವು. ಓದಿಗೆ, ಆಸ್ಪತ್ರೆಗೆ, ನೌಕರಿಗೆ ಅಲ್ಲಿನವರು ಮೊದಲು ನೋಡುವುದು ಆ ಕಡೆಗೇ. ವಿಡಿಯೊ ಎಡಿಟಿಂಗ್ ಮಾಡುವ ಕನ್ನಡಿಗರನ್ನು ಸಂಖ್ಯೆಯಲ್ಲಿ ಆ ಊರಿಗೆ ಸೆಳೆದದ್ದು ಸಿನಿಮಾ ಅಲ್ಲ, ಟಿವಿ. 2000ದ ಡಿಸೆಂಬರಿನಲ್ಲಿ ಆರಂಭವಾದ ಈಟಿವಿ ಕನ್ನಡದ ಕೇಂದ್ರ ರಾಮೋಜಿ ಫಿಲ್ಮ್ ಸಿಟಿ. ಬೆಳಗಾವಿಯ ಪ್ರವಾಹ, ಕೋಲಾರದ ಬರದ ದೃಶ್ಯಗಳಿಗೆ ಕನ್ನಡದ ವಾರ್ತೆಯ ರೂಪ ಬರುತ್ತಿದ್ದದ್ದು ಹಯಾತ್‌ನಗರದಾಚೆಯ ಆ ಕಟ್ಟಡದಲ್ಲಿ. ಕನ್ನಡ ಟಿವಿ ಪತ್ರಿಕೋದ್ಯಮದ ಒಂದು ತಲೆಮಾರಿಗೆ ಅದೇ ತರಬೇತಿ ಶಾಲೆ. ವಾಹಿನಿ ಕೈ ಬದಲಾಗಿ 2015ರಲ್ಲಿ ಕಲರ್ಸ್ ಕನ್ನಡ ಆಯಿತು. 2019ರಲ್ಲಿ ಅದೇ ಆವರಣದಿಂದ ಈಟಿವಿ ಭಾರತ್ ಕನ್ನಡವೂ ಸೇರಿ ಹಲವು ಭಾಷೆಗಳಲ್ಲಿ ಹೊರಟಿತು. ವಾರ್ತೆಯ ಎಡಿಟಿಂಗ್ ಬೇರೆ ಜಾತಿಯದು: ಒಂದೂವರೆ ನಿಮಿಷದ ವರದಿಗೆ ಕೆಲವೇ ನಿಮಿಷಗಳ ಗಡುವು, ಪಕ್ಕದಲ್ಲಿ ಬುಲೆಟಿನ್ ನಿರ್ಮಾಪಕರ ಕೂಗು. ಅಲ್ಲಿ ಕೈ ಚುರುಕಾಗುತ್ತದೆ, ಆದರೆ ಒಂದು ಮುಖದ ಮೇಲೆ ನಾಲ್ಕು ಸೆಕೆಂಡು ನಿಲ್ಲುವ ತಾಳ್ಮೆಯನ್ನು ಬೇರೆಡೆ ಕಲಿಯಬೇಕು.

ಸಿನಿಮಾ ಎಡಿಟಿಂಗಿನಲ್ಲಿ ನೆರೆರಾಜ್ಯಕ್ಕೆ ಹೋಗಿ ಹೆಸರು ಮಾಡಿದ ಕನ್ನಡಿಗರಲ್ಲಿ ಸುರೇಶ್ ಅರಸ್ ಮೊದಲಿಗರ ಸಾಲಿನವರು. ಮಣಿರತ್ನಂ ಅವರ ‘ಬಾಂಬೆ’ (1995) ಚಿತ್ರಕ್ಕೆ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು. ಆದರೆ ಅದು ಚೆನ್ನೈ ದಾರಿ. ಹೈದರಾಬಾದಿನ ದಾರಿ ಹಿಡಿದವರು ಉಜ್ವಲ್ ಕುಲಕರ್ಣಿ. ಕಲಬುರಗಿಯ ಈ ಹುಡುಗ ಕಿರುಚಿತ್ರ, ಅಭಿಮಾನಿಗಳ ವಿಡಿಯೊಗಳನ್ನು ಎಡಿಟ್ ಮಾಡಿ ಯೂಟ್ಯೂಬಿಗೆ ಹಾಕುತ್ತಿದ್ದವರು. ಅದನ್ನು ಕಂಡ ನಿರ್ದೇಶಕ ಪ್ರಶಾಂತ್ ನೀಲ್ ‘ಕೆಜಿಎಫ್ ಚಾಪ್ಟರ್ 2’ನ್ನು ಅವರ ಕೈಗಿಟ್ಟರು. 2022ರ ಏಪ್ರಿಲ್ 14ರಂದು ಚಿತ್ರ ತೆರೆಕಂಡಾಗ ಅವರಿಗೆ ಇನ್ನೂ ಇಪ್ಪತ್ತು ತುಂಬಿರಲಿಲ್ಲ ಎಂದು ಪತ್ರಿಕೆಗಳು ಬರೆದವು. ಒಂದು ಶಾಟ್ ನೆಲೆಗೊಳ್ಳುವ ಮೊದಲೇ ಕಪ್ಪಾಗಿ ಇನ್ನೊಂದಕ್ಕೆ ಹಾರುವ, ಮಾತು ಒಂದು ಕಡೆ ದೃಶ್ಯ ಮೂರು ಕಾಲದಲ್ಲಿ ಓಡುವ ಆ ಲಯದಲ್ಲಿ ಟ್ರೈಲರ್ ಮತ್ತು ಯೂಟ್ಯೂಬ್ ವಿಡಿಯೊಗಳ ವ್ಯಾಕರಣ ಎದ್ದು ಕಾಣುತ್ತದೆ. ಅದು ದೋಷವೋ ಗುಣವೋ ಎಂಬ ವಾದ ಇನ್ನೂ ಮುಗಿದಿಲ್ಲ. ನನ್ನ ಮಟ್ಟಿಗೆ ಆ ಚಿತ್ರದ ನಾಯಕ ರಾಕಿಯ ಕಥೆಗೆ ಅದು ಒಪ್ಪಿತು, ಯಾಕೆಂದರೆ ಅದು ಕೇಳಿದ ಕಥೆಯ ಮೇಲೆ ಕಟ್ಟಿದ ದಂತಕಥೆ. ಎಲ್ಲ ಕಥೆಗೂ ಒಪ್ಪುವಂಥದ್ದಲ್ಲ. 2023ರ ಡಿಸೆಂಬರಿನಲ್ಲಿ ಬಂದ ಪ್ರಭಾಸ್ ನಾಯಕರಾದ ‘ಸಲಾರ್’ ಚಿತ್ರಕ್ಕೂ ಅವರೇ ಎಡಿಟರ್. ಚಿತ್ರೀಕರಣದ ಬಹುಪಾಲು ರಾಮೋಜಿ ಫಿಲ್ಮ್ ಸಿಟಿಯಲ್ಲಿ. ಭಾಷೆ ತೆಲುಗು, ನಿರ್ಮಾಪಕ ಸಂಸ್ಥೆ, ನಿರ್ದೇಶಕ, ಛಾಯಾಗ್ರಾಹಕ ಭುವನ್ ಗೌಡ, ಸಂಗೀತದ ರವಿ ಬಸ್ರೂರ್ ಎಲ್ಲ ಕರ್ನಾಟಕದ ಕಡೆಯವರು.

ಡಬ್ಬಿಂಗ್ ತಂದ ಕೆಲಸವೂ ಇದೆ. ಕನ್ನಡದಲ್ಲಿ ಡಬ್ಬಿಂಗಿಗೆ ಇದ್ದ ಅಡ್ಡಿಯ ವಿರುದ್ಧ ಸ್ಪರ್ಧಾ ಆಯೋಗ 2015ರಲ್ಲಿ ಆದೇಶ ಹೊರಡಿಸಿತು. 2019ರ ‘ಸೈರಾ ನರಸಿಂಹ ರೆಡ್ಡಿ’ಯ ನಂತರ ದೊಡ್ಡ ತೆಲುಗು ಚಿತ್ರಗಳು ಕನ್ನಡ ಧ್ವನಿಯಲ್ಲೂ ಬರತೊಡಗಿದವು. ಹೆಸರಿನ ಪಟ್ಟಿ, ಪರದೆಯ ಮೇಲಿನ ಪತ್ರ, ಬೋರ್ಡು, ಹಾಡಿನ ತುಟಿಚಲನೆ ಎಲ್ಲವನ್ನೂ ಬಿಡುಗಡೆಯಾಗುವ ಒಂದೊಂದು ಭಾಷೆಗೂ ಹೊಂದಿಸಬೇಕು. ಕನ್ನಡ ಓದಬಲ್ಲ ಅಸಿಸ್ಟೆಂಟ್ ಇಲ್ಲದ ರೂಮಿನಿಂದ ಹೊರಬಂದ ಟೀಸರುಗಳಲ್ಲಿ ಒತ್ತಕ್ಷರ ತಪ್ಪಿದ್ದನ್ನು ನಾವೆಲ್ಲ ನೋಡಿದ್ದೇವೆ.

ಕಲಿಕೆ, ಸಂಭಾವನೆ, ಸಂಘ

ಅನ್ನಪೂರ್ಣ ಸ್ಟುಡಿಯೊ 2011ರಲ್ಲಿ ತನ್ನದೇ ಚಿತ್ರಶಾಲೆ ತೆರೆಯಿತು. ಪುಣೆಯ ಎಫ್‌ಟಿಐಐನಲ್ಲಿ ಎಡಿಟಿಂಗ್ ಓದಿ ಬರುವವರೂ ಇದ್ದಾರೆ. ಶಾಲೆ ಸಿನಿಮಾ ನೋಡುವುದನ್ನು ಕಲಿಸುತ್ತದೆ, ಸಾಫ್ಟ್‌ವೇರ್ ಯಾರು ಬೇಕಾದರೂ ಮನೆಯಲ್ಲೇ ಕಲಿಯಬಹುದು. ನಿರ್ಮಾಪಕ, ನಾಯಕ, ನಿರ್ದೇಶಕ ಮೂವರೂ ಮೂರು ಮಾತು ಹೇಳಿದಾಗ ಯಾರಿಗೂ ಬೇಸರವಾಗದಂತೆ ದೃಶ್ಯವನ್ನು ಉಳಿಸಿಕೊಳ್ಳುವುದನ್ನು ಕಲಿಯಲು ಮಾತ್ರ ಇಂದಿಗೂ ಪಕ್ಕದಲ್ಲೇ ಕೂರಬೇಕು. ಶಾಲೆಯಿಂದ ಬಂದವರು ಕೂಡ ಮೊದಲ ಎರಡು ಮೂರು ಚಿತ್ರಗಳಿಗೆ ಅಸಿಸ್ಟೆಂಟ್ ಆಗುವುದು ಅದಕ್ಕಾಗಿ. ಹೊಸಬರಿಗೆ ಇಂದು ಸುಲಭವಾಗಿ ತೆರೆದಿರುವ ಬಾಗಿಲು ಟೀಸರ್, ಲಿರಿಕಲ್ ವಿಡಿಯೊ, ಪ್ರಚಾರದ ರೀಲ್ಸ್. ಜೊತೆಗೆ 2020ರಲ್ಲಿ ಬಂದ ‘ಆಹಾ’ದಂಥ ಒಟಿಟಿಗಳ ವೆಬ್ ಸರಣಿ.

ಎಡಿಟರಿಗೆ ಸಾಮಾನ್ಯವಾಗಿ ಚಿತ್ರಕ್ಕಿಷ್ಟು ಎಂದು ಮಾತಾಗಿ ಕಂತುಗಳಲ್ಲಿ ಹಣ ಸಿಗುತ್ತದೆ, ಅಸಿಸ್ಟೆಂಟುಗಳಿಗೆ ತಿಂಗಳ ಲೆಕ್ಕ. ಕೊನೆಯ ಕಂತು ಬಿಡುಗಡೆಯ ಗಡಿಬಿಡಿಗೆ ಸಿಕ್ಕಿಕೊಳ್ಳುವುದು ಮಾಮೂಲು. ಚಿತ್ರ ಆರು ತಿಂಗಳು ಮುಂದೆ ಹೋದರೆ ಎಡಿಟರ್ ಅದೇ ಹಣಕ್ಕೆ ಆರು ತಿಂಗಳು ಹೆಚ್ಚು ದುಡಿದಂತೆ. ಆದ್ದರಿಂದಲೇ ಹೆಸರಾದವರು ಕೂಡ ಏಕಕಾಲಕ್ಕೆ ಮೂರು ನಾಲ್ಕು ಚಿತ್ರ ಹಿಡಿದಿರುತ್ತಾರೆ. ಉದ್ಯಮ ‘24 ಕ್ರಾಫ್ಟ್’ ಎಂದು ಕರೆಯುವ ಕಸುಬುಗಳಲ್ಲಿ ಎಡಿಟಿಂಗ್ ಒಂದು. ಶೇ. 30ರಷ್ಟು ವೇತನ ಹೆಚ್ಚಳ ಕೇಳಿ ಕಾರ್ಮಿಕರ ಒಕ್ಕೂಟ 2025ರ ಆಗಸ್ಟ್‌ನಲ್ಲಿ ಮುಷ್ಕರ ಹೂಡಿದಾಗ ಎರಡು ವಾರಕ್ಕೂ ಮಿಕ್ಕಿ ಶೂಟಿಂಗುಗಳು ನಿಂತವು, ಕೊನೆಗೆ ಶೇ. 22.5ರ ಹೆಚ್ಚಳ ಹಂತಹಂತವಾಗಿ ಕೊಡುವುದೆಂದು ಒಪ್ಪಂದವಾಯಿತು. ಶೂಟಿಂಗ್ ನಿಂತರೆ ಸುದ್ದಿಯಾಗುತ್ತದೆ. ಎಡಿಟ್ ರೂಮಿನಲ್ಲಿ ಅಂಥ ದಿನಗಳಲ್ಲೂ ದಸರೆ, ಸಂಕ್ರಾಂತಿಯ ಚಿತ್ರಗಳಿಗೆ ಹಿಂದಿನ ತಿಂಗಳ ಶೂಟಿಂಗಿನ ಡೇಟಾ ಕಾದಿರುತ್ತದೆ.